ಬೆಳಕಿನಿಂದ ಸರಿದು ನಿಂತವಳು

ಬೆಳಗಿನ ಜಾವ ನಾಲ್ಕಕ್ಕೆ ಎದ್ದು ಅತ್ತೆಯನ್ನು ಎಡಮಗ್ಗುಲಿನಿಂದ ಬಲಮಗ್ಗುಲಿಗೆ ಹೊರಳಿಸುವುದು. ಒದ್ದೆ ಬಟ್ಟೆ ತೆಗೆದು, ಬಿಸಿನೀರಿನಲ್ಲಿ ಅದ್ದಿ ಹಿಂಡಿದ ಬಟ್ಟೆ ತುಂಡಿನಿಂದ ಮೈ ಒರೆಸಿ, ಒಣ ಬಟ್ಟೆ ಕಟ್ಟುವುದು. ತೆಗೆದದ್ದನ್ನು ಹಿತ್ತಲಿನ ತೊಟ್ಟಿಯಲ್ಲಿ ನೆನೆಹಾಕುವುದು. ತೊಳೆದಿಟ್ಟ ಅಕ್ಕಿಯನ್ನು ಒಲೆಗೇರಿಸುವುದು. ಸಣ್ಣ ಒಣಮೀನುಗಳ ತಲೆ, ಹೊಟ್ಟೆ ಚಿವುಟಿ ಹಾಕಿ ಸಾರಿಗೆ ನೀರು ಕುದಿಸುವುದು. ಮೂಲಂಗಿ ಉಪ್ಪಿನಕಾಯಿಯನ್ನು ಗಂಡನ ಹಲ್ಲಿಗೆ ತಕ್ಕಂತೆ ತೆಳ್ಳಗೆ, ಅತ್ತೆಯ ಒಸಡಿಗೆ ತಕ್ಕಂತೆ ಇನ್ನೂ ಸಣ್ಣಗೆ ಹೆಚ್ಚುವುದು. ಮೊದಲ ತುತ್ತು ಅನ್ನವನ್ನು ಹಿತ್ತಾಳೆಯ ಪುಟ್ಟ ಬಟ್ಟಲಲ್ಲಿ ಮಾವನ ಪಟದ ಮುಂದಿಟ್ಟು ಗಂಟೆ ತಟ್ಟುವುದು. ಗಂಡ ಎದ್ದಾಗ ತೊಡುವ ಬಟ್ಟೆಗಳನ್ನು ತೊಡುವ ಕ್ರಮದಲ್ಲೇ, ಒಳಗಿನದು ಮೇಲೆ, ಹೊರಗಿನದು ಕೆಳಗೆ, ಜೋಡಿಸಿಡುವುದು. ಮಧ್ಯಾಹ್ನಕ್ಕೆಂದು ಅನ್ನದುಂಡೆ ಕಟ್ಟಿ ಮುಚ್ಚಿಡುವುದು. ಕೊನೆಗೆ ಮನೆಯ ಮುಂದಿನ ಬೀದಿ ಗುಡಿಸಿ ನೀರು ಚಿಮುಕಿಸುವುದು. ಪಕ್ಕದ ಮನೆಯವರ ಬಾಗಿಲ ಕಡೆಗೆ ಒಂದು ಗೇಣು ಹೆಚ್ಚು ಗುಡಿಸಬೇಕು, ಎರಡು ಗೇಣು ಗುಡಿಸಬಾರದು. ಕಡಿಮೆಯಾದರೆ ಜಿಪುಣಿ ಅನ್ನುತ್ತಾರೆ, ಹೆಚ್ಚಾದರೆ ನಮ್ಮನ್ನು ಸೋಮಾರಿಗಳು ಅಂತ ತೋರಿಸಿದಳು ಅನ್ನುತ್ತಾರೆ.

ಇಷ್ಟಾದ ಮೇಲೆ ಮಕಿತಾ ಶಿಗೆನೊ ಸೈಕಲ್ ಹತ್ತಿ, ಉಜುಮಾಸಾ ಕೇರಿಯ ಟ್ರಾಮ್ ಹಳಿ ದಾಟಿ, ಸಿನಿಮಾ ಸ್ಟುಡಿಯೊಗೆ ಹೋಗಿ, ವಿಗ್ಗು ಕಟ್ಟಿಸಿಕೊಂಡು, ಮುಖಕ್ಕೆ ಬಣ್ಣ ಬಳಿದುಕೊಂಡು, ಕ್ಯಾಮರಾದ ಮುಂದೆ ಮತ್ತೆ ಅದೇ ಕೆಲಸ ಮಾಡುತ್ತಿದ್ದಳು. ಅನ್ನ ಬೇಯಿಸುವುದು, ನೆಲ ಒರೆಸುವುದು, ಬೀದಿ ಗುಡಿಸುವುದು. ಅದು ಮುನ್ನೂರು ವರ್ಷ ಹಿಂದಿನ ಬೀದಿ ಎನ್ನುವುದಷ್ಟೇ ವ್ಯತ್ಯಾಸ.

ಹೀಗೆ ನಲವತ್ತನಾಲ್ಕು ವರ್ಷ. ಯುದ್ಧ ಮುಗಿದ ಎಂಟನೆಯ ವರ್ಷ, ಹದಿನೇಳರ ಹುಡುಗಿಯಾಗಿ ಅವಳು ತಾಂಗೊ ಕಡಲ ಕರೆಯ ಒಂದು ಬೆಸ್ತರ ಹಳ್ಳಿಯಿಂದ ಇಲ್ಲಿಗೆ ಬಂದಳು. ಆಗ ಸ್ಟುಡಿಯೊಗಳು ವಾರಕ್ಕೆರಡು ಚಿತ್ರ ತೆಗೆಯುತ್ತಿದ್ದವು, ಗುಂಪಿನಲ್ಲಿ ನಿಲ್ಲುವುದಕ್ಕೆ ಎಷ್ಟು ಜನ ಬಂದರೂ ಸಾಲುತ್ತಿರಲಿಲ್ಲ. ಹೆಸರಿಲ್ಲದ ನಟರನ್ನೆಲ್ಲ ಒಂದೇ ಉದ್ದನೆಯ ಕೋಣೆಯಲ್ಲಿ ಕೂರಿಸುತ್ತಿದ್ದರು. ಅದಕ್ಕೆ ದೊಡ್ಡ ಕೋಣೆ ಎಂದೇ ಹೆಸರು. ನಕ್ಷತ್ರ ನಟರಿಗೆ ತಲೆಗೊಂದು ಕೋಣೆ. ದೊಡ್ಡ ಕೋಣೆಯವರಿಗೆ ತಲೆಗೊಂದು ಗೇಣಗಲದ ಕನ್ನಡಿ. ಶಿಗೆನೊ ಬಾಗಿಲ ಬಳಿಯ ಕನ್ನಡಿಯಿಂದ ಶುರುಮಾಡಿ, ಮುಂದಿದ್ದವರು ಸತ್ತೂ ಬಿಟ್ಟೂ ಹೋದಂತೆ ಒಂದೊಂದೇ ಕನ್ನಡಿ ದಾಟಿ, ಅರುವತ್ತೊಂದನೆಯ ವಯಸ್ಸಿಗೆ ಕಿಟಕಿಯ ಬಳಿಯ ಮೊದಲ ಕನ್ನಡಿಗೆ ಬಂದಿದ್ದಳು. ತೆರೆಯ ಮೇಲೆ ಮೊದಲು ಚಹಾದಂಗಡಿಯ ಹುಡುಗಿ, ಆಮೇಲೆ ಚಹಾದಂಗಡಿಯ ಹೆಂಗಸು, ಈಗ ಚಹಾದಂಗಡಿಯ ಮುದುಕಿ. ಚಿತ್ರದ ಹೆಸರುಗಳ ಪಟ್ಟಿಯಲ್ಲಿ ಒಮ್ಮೆಯೂ ಅವಳ ಹೆಸರು ಬಂದಿರಲಿಲ್ಲ.

ಅವಳಿಗೆ ಕೆಲಸ ಕಲಿಸಿದವಳು ಒರಿಕು ಅಕ್ಕ ಎಂಬ ಹಿರಿಯ ನಟಿ. ಬಿದಿರಿನ ಅಳತೆಕೋಲು ಹಿಡಿದು ಹಿಂದೆ ನಿಲ್ಲುತ್ತಿದ್ದಳು. ಚಹಾ ತಟ್ಟೆ ಇಟ್ಟು ಶಿಗೆನೊ ತಲೆಯೆತ್ತಿದರೆ ಬೆನ್ನಿಗೆ ಕೋಲು ತಟ್ಟುತ್ತಿತ್ತು.

"ಹುಡುಗೀ, ದೀಪ ಹಚ್ಚಿರೋದು ಯಾರಿಗೆ?"

"ನಾಯಕರಿಗೆ, ಅಕ್ಕ."

"ಮತ್ತೆ ನಿನ್ನ ಮೂಗು ಯಾಕೆ ಅಲ್ಲಿ? ನಿನ್ನ ನೆರಳು ಅವರ ಮೇಲೆ ಬಿದ್ರೆ ನಾಳೆಯಿಂದ ಊರಿಗೆ ಹೋಗಿ ಮೀನು ಒಣಗ್ಹಾಕು. ಕೆಲಸ ಮಾಡು, ಪಕ್ಕಕ್ಕೆ ಸರಿ, ಮರೆಯಾಗು. ಕಂಡ್ರೆ ನೀನು ಕೆಟ್ಟ ನಟಿ."

ಶಿಗೆನೊ ಕೆಟ್ಟ ನಟಿಯಾಗಲಿಲ್ಲ. ಯಾವ ದೀಪ ಎಲ್ಲಿದೆ, ಅದರ ಅಂಚು ಎಲ್ಲಿ ಮುಗಿಯುತ್ತದೆ ಎಂಬುದು ಚರ್ಮಕ್ಕೇ ತಿಳಿಯುವಷ್ಟು ಪಳಗಿದಳು. ನಿರ್ದೇಶಕರು ಅವಳನ್ನು ಹೆಸರು ಹಿಡಿದೇ ಕರೆಸುತ್ತಿದ್ದರು, ಆದರೆ ಮುಖಕ್ಕಲ್ಲ, ಕೈಗೆ. ನಾಯಕಿ ಕಿಮೊನೊ ಹೊಲಿಯುವ ದೃಶ್ಯವಿದ್ದರೆ ದೂರದಿಂದ ನಾಯಕಿ, ಹತ್ತಿರದಿಂದ ಶಿಗೆನೊಳ ಕೈ. ಅಕ್ಕಿ ತೊಳೆಯುವ ಕೈ, ಮಗುವಿನ ಹಣೆ ಮುಟ್ಟಿ ಜ್ವರ ನೋಡುವ ಕೈ, ನೆಲ ಉಜ್ಜುವ ಕೈ, ಎಲ್ಲ ಅವಳದೇ. ಒಂದು ವರ್ಷ ಒಬ್ಬ ದೊಡ್ಡ ನಟಿಗೆ ಪ್ರಶಸ್ತಿ ಬಂದಾಗ, 'ಬದುಕನ್ನೇ ಸವೆಸಿದ ತಾಯಿಯ ಕೈಗಳು' ಎಂದು ಪತ್ರಿಕೆ ಬರೆಯಿತು. ಆ ನಟಿ ಮನೆಯಲ್ಲಿ ಒಂದು ಲೋಟವನ್ನೂ ತೊಳೆದವಳಲ್ಲ. ಶಿಗೆನೊ ಆ ಪತ್ರಿಕೆಯನ್ನು ಓದಿ, ಮಡಿಸಿ, ಮೂಲಂಗಿ ಸುತ್ತಿಡಲು ಬಳಸಿದಳು.

ಗಂಡ ಯಾಸುಹೆಯ್ ಕೂಡ ದೊಡ್ಡ ಕೋಣೆಯವನೇ. ಕತ್ತಿಯೇಟಿಗೆ ಬೀಳುವುದು ಅವನ ಕಸುಬು. ಹಿಂದಕ್ಕೆ ಬಿಲ್ಲಿನಂತೆ ಬಾಗಿ, ಒಂದು ಉಸಿರು ನಿಂತು, ಮಣ್ಣಿಗೆ ಬೀಳುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಮಂಡಿ ಸವೆದು ಅರುವತ್ತಕ್ಕೆ ಕೆಲಸ ಬಿಟ್ಟ ಮೇಲೆ ಮನೆಯಲ್ಲಿ ಕೂತ. ಚಹಾ ಬೇಕಾದರೆ ಬಟ್ಟಲನ್ನು ಬೆರಳಿನಿಂದ ಎರಡು ಸಲ ಕುಟ್ಟುತ್ತಿದ್ದ. ನೀರು ಕಾಯಿಸುವ ಕೆಟಲ್ ಎಲ್ಲಿದೆ ಎಂದು ಅವನಿಗೆ ಗೊತ್ತಿತ್ತೇ ಎಂಬುದು ಅನುಮಾನ.

ಮಕ್ಕಳಿಲ್ಲ. ಮದುವೆಯಾದ ಮೂರನೆಯ ವರ್ಷ, ನಾಲ್ಕು ತಿಂಗಳಾಗಿದ್ದಾಗ, ಚಿತ್ರೀಕರಣಕ್ಕಾಗಿ ಫೆಬ್ರವರಿಯ ಕೊರೆಯುವ ಹೊಳೆಯಲ್ಲಿ ಬಟ್ಟೆ ಒಗೆಯುವ ಹೆಂಗಸರ ಸಾಲಿನಲ್ಲಿ ಅವಳು ಬೆಳಗಿನಿಂದ ಸಂಜೆಯವರೆಗೆ ನಿಂತಳು. ಬಸುರಿ ಎಂದು ಹೇಳಿದರೆ ಕರೆ ಬರುವುದಿಲ್ಲ, ಅದಕ್ಕೆ ಹೇಳಿರಲಿಲ್ಲ. ಅದೇ ಹೊಳೆಯ ದಂಡೆಯಲ್ಲಿ ಅವತ್ತು ಯಾಸುಹೆಯ್ ಎರಡು ಸಲ ಸತ್ತ. ಮೂರನೆಯ ದಿನ ಮಗು ಹೋಯಿತು. ಐದನೆಯ ದಿನ ಅವಳು ಮತ್ತೆ ಚಹಾ ತಟ್ಟೆ ಹಿಡಿದಿದ್ದಳು. ಈ ವಿಷಯ ಅವರಿಬ್ಬರ ನಡುವೆ ಆಮೇಲೆ ಒಮ್ಮೆಯೂ ಬರಲಿಲ್ಲ.

ಅತ್ತೆ ತೊಮೆಗೆ ಎಂಬತ್ತೊಂಬತ್ತು. ಐವತ್ತು ವರ್ಷ ಮಗ್ಗದಲ್ಲಿ ಕೂತು ಕಿಮೊನೊದ ನಡುಪಟ್ಟಿ ನೇಯ್ದವಳು. ಮೂರು ವರ್ಷದ ಹಿಂದೆ ಸೊಂಟ ಮುರಿದು ಹಾಸಿಗೆ ಹಿಡಿದಳು. ಅಂದಿನಿಂದ ಶಿಗೆನೊಳ ದಿನಕ್ಕೆ ಇನ್ನೊಂದು ಓಟ ಸೇರಿತು. ಮಧ್ಯಾಹ್ನ ಊಟದ ಬಿಡುವು ಬಿದ್ದ ಕೂಡಲೇ, ವಿಗ್ಗು ತೆಗೆದು ಕಟ್ಟಿಸಿಕೊಳ್ಳಲು ಸಮಯ ಸಾಲದೆ, ಅದರ ಮೇಲೊಂದು ಬಟ್ಟೆ ಕಟ್ಟಿ, ಹಳೆಗಾಲದ ಮುದುಕಿಯ ವೇಷದಲ್ಲೇ ಸೈಕಲ್ ತುಳಿದು ಮನೆಗೆ ಬಂದು, ಅತ್ತೆಯ ಬಟ್ಟೆ ಬದಲಿಸಿ, ಹಿಂದಿರುಗುವುದು. ನಮ್ಮ ಬೀದಿಯವರಿಗೆ ಇದೆಲ್ಲ ಹೊಸದಲ್ಲ. ಇಲ್ಲಿ ಸಮುರಾಯ್ ಸಿಗರೇಟು ಕೊಳ್ಳುತ್ತಾನೆ, ದೆವ್ವ ಟ್ರಾಮ್ ಹತ್ತುತ್ತದೆ. ತೋಫು ಮಾರುವವಳೊಬ್ಬಳು ಮಾತ್ರ ತಪ್ಪದೆ ಕೂಗುತ್ತಿದ್ದಳು: "ಶಿಗೆನೊ ಅಕ್ಕಾ, ಇವತ್ತು ಯಾರ ಮನೆ ಆಳು? ಆ ಕಾಲದವರದಾ, ಈ ಕಾಲದವರದಾ?"

"ಎರಡು ಕಡೆಯೂ ಊಟ ನಿಂತುಕೊಂಡೇ ಕಣೇ," ಎನ್ನುತ್ತ ಇವಳು ತುಳಿಯುತ್ತಿದ್ದಳು.

ಜನವರಿಯಲ್ಲಿ ಆ ಪಾತ್ರ ಬಂತು.

ಕುವಾಬಾರಾ ಎಂಬ ನಿರ್ದೇಶಕ ಸ್ವತಃ ದೊಡ್ಡ ಕೋಣೆಗೆ ನಡೆದು ಬಂದ. ಇಪ್ಪತ್ತರ ವಯಸ್ಸಿನಲ್ಲಿ ಸಹಾಯಕನಾಗಿ ಸೇರಿದಾಗ ಅವನ ಹರಿದ ಕೋಟಿಗೆ ಗುಂಡಿ ಹೊಲಿದುಕೊಟ್ಟವಳು ಶಿಗೆನೊ. ಈಗ ಅವನಿಗೇ ತಲೆ ನರೆತಿತ್ತು. ಕೂತು, ಅರ್ಧ ಪುಟದ ಮಾತು ಬರೆದ ಹಾಳೆಯನ್ನು ಚಾಪೆಯ ಮೇಲಿಟ್ಟ.

"ಅಕ್ಕ, ತಾಯಿ ಪಾತ್ರ. ಕತ್ತಿಯೇಟಿಗೆ ಸತ್ತ ಮಗನ ಹೆಣ ಮನೆಗೆ ಬರುತ್ತೆ. ಅವನ ಮೈ ಒರೆಸ್ತಾ ಮಾತಾಡ್ತಾಳೆ. ನಾಲ್ಕು ನಿಮಿಷ, ಒಂದೇ ಏಟಿಗೆ. ಕ್ಯಾಮರಾ ಅಲ್ಲಾಡಲ್ಲ."

"ಕೈ ತಾನೆ?"

"ಮುಖ."

ಕೋಣೆಯಲ್ಲಿ ಬಣ್ಣ ಹಚ್ಚುತ್ತಿದ್ದ ಏಳೆಂಟು ಕೈಗಳು ನಿಂತವು. ಮಗನಾಗಿ ಮಲಗುವವನು ಹನಾಬುಸಾ, ಟೋಕಿಯೊದ ಈಗಿನ ದೊಡ್ಡ ನಕ್ಷತ್ರ.

"ನನಗಿಂತ ಒಳ್ಳೆಯವರು ಇದ್ದಾರೆ, ಕುವಾಬಾರಾ ಅವರೆ."

"ಇದ್ದಾರೆ. ಅವರಿಗೆ ಮೈ ಒರೆಸೋಕೆ ಬರಲ್ಲ. ನೋಡಿದೀನಿ, ಮೇಜು ಒರೆಸಿದ ಹಾಗೆ ಒರೆಸ್ತಾರೆ."

ಮನೆಯಲ್ಲಿ ಹೇಳಿದಾಗ ಯಾಸುಹೆಯ್ ಮೊದಲು ಕೇಳಿದ್ದು, "ಮಧ್ಯಾಹ್ನ ಬರ್ತೀಯಲ್ಲ?" ಎಂದು. ಬಂದೇ ಬರುತ್ತೇನೆಂದು ಅವಳು ಮಾತು ಕೊಟ್ಟಳು. ಆಮೇಲೆ ಅವನು, "ಹೆಣವಾಗಿ ಮಲಗೋದು ಹನಾಬುಸಾನಾ? ಅವನಿಗೆ ದೃಷ್ಟಿ ತಾಗದ ಹಾಗೆ ಉಪ್ಪು ಚೆಲ್ತಾರೆ ನೋಡು. ನಾನು ಸತ್ತಾಗಲೆಲ್ಲ ಉಪ್ಪು ಕೊಟ್ಟಿದ್ದಿದ್ರೆ ಇಷ್ಟೊತ್ತಿಗೆ ಉಪ್ಪಿನಕಾಯಿ ಅಂಗಡಿ ಇಡಬಹುದಿತ್ತು," ಎಂದ. ಒಳಗಿನಿಂದ ಅತ್ತೆ ನಕ್ಕ ಸದ್ದು ಕೇಳಿಸಿತು.

ಚಿತ್ರೀಕರಣದ ದಿನ ಉಪ್ಪು ಚೆಲ್ಲಿದರು. ಹನಾಬುಸಾ ತೆಳು ಬಿಳಿ ಬಟ್ಟೆಯಲ್ಲಿ ಚಾಪೆಯ ಮೇಲೆ ಮಲಗಿದ. ಸೆಟ್ಟಿನಲ್ಲಿ ಉಸಿರು ಹೊಗೆಯಾಗುವಷ್ಟು ಚಳಿ. ಶಿಗೆನೊ ಪಕ್ಕದಲ್ಲಿ ಮಂಡಿಯೂರಿದಳು. ಬಲಗಡೆ ಮೇಲಿನಿಂದ ಒಂದೇ ದೀಪ. ಮೊದಲು ಕೈ, ಆಮೇಲೆ ಎದೆ, ಕೊನೆಗೆ ಮುಖ ಒರೆಸಬೇಕು. ಮುಖ ಒರೆಸುವಾಗ ಮುಂದಕ್ಕೆ ಬಾಗಿ ಕೊನೆಯ ಮಾತುಗಳನ್ನಾಡಬೇಕು. ಆಗ ದೀಪ ಅವಳ ಮುಖದ ಮೇಲಿರುತ್ತದೆ. ಕುವಾಬಾರಾ ಅದನ್ನು ಹಾಳೆಯ ಮೇಲೆ ಗೀಚಿಯೂ ತೋರಿಸಿದ್ದ.

ಮೊದಲ ಟೇಕ್ ಮುಗಿಯಿತು. ಕುವಾಬಾರಾ ಬಂದು ಮೆಲ್ಲಗೆ ಹೇಳಿದ, "ಅಕ್ಕ, ಹಿಂದಕ್ಕೆ ಹೋದ್ರಿ."

"ಹೌದಾ? ತಪ್ಪಾಯ್ತು."

ಎರಡನೆಯದು. "ಅಕ್ಕ, ಮತ್ತೆ ಹೋದ್ರಿ."

ಮೂರನೆಯದರಲ್ಲಿ ಅವಳು ಗಮನವಿಟ್ಟು ಬಾಗಿದಳು, ಬಾಗಿದ್ದೇನೆ ಎಂದೇ ನಂಬಿದ್ದಳು. ಮುಗಿದಾಗ ಬೆಳಕಿನ ಮೇಸ್ತ್ರಿ ತಲೆ ತಗ್ಗಿಸಿಕೊಂಡಿದ್ದ. ನಾಲ್ಕನೆಯದಾದ ಮೇಲೆ ಕುವಾಬಾರಾ ಅವಳನ್ನು ಕರೆದುಕೊಂಡು ಹೋಗಿ ಪುಟ್ಟ ಪರದೆಯ ಮುಂದೆ ಕೂರಿಸಿದ. ತಾನು ನಟಿಸಿದ್ದನ್ನು ಅವಳು ಹೀಗೆ ಕೂತು ನೋಡಿದ್ದೇ ಇಲ್ಲ. ಪರದೆಯಲ್ಲಿ ಒಂದು ಕೈ ಕಾಣಿಸಿತು, ಒಳ್ಳೆಯ ಕೈ. ಅದು ಹನಾಬುಸಾನ ಕೊರಳಿನಿಂದ ಕೆನ್ನೆಗೆ ಬಂತು. ಆ ಗಳಿಗೆಯಲ್ಲಿ ಮುದುಕಿಯ ಬೆನ್ನು, ಯಾರೋ ದಾರ ಹಿಡಿದು ಎಳೆದಂತೆ, ನಯವಾಗಿ ಹಿಂದಕ್ಕೆ ಸರಿಯಿತು. ಹನಾಬುಸಾನ ಮುಖ ಹಬ್ಬದ ಗೊಂಬೆಯ ಹಾಗೆ ಬೆಳಗಿತು. ತಾಯಿ ಇರಬೇಕಾದಲ್ಲಿ ಕತ್ತಲೆಯೊಳಗಿಂದ ಒಂದು ದನಿ ಮಾತ್ರ ಬರುತ್ತಿತ್ತು: 'ಏನೋ ಇದು, ಕತ್ತಿನ ಹಿಂದೆ ಮಣ್ಣು. ಚಿಕ್ಕೋನಿದ್ದಾಗಲೂ ನೀನು ಇಲ್ಲಿ ತೊಳ್ಕೊಳ್ತಾ ಇರಲಿಲ್ಲ.'

"ನಾನೇ ಹೋಗ್ತಾ ಇದೀನಿ," ಎಂದಳು ಶಿಗೆನೊ. ಅವಳಿಗೆ ನಾಚಿಕೆಗಿಂತ ಹೆಚ್ಚಾಗಿ ಅಚ್ಚರಿಯಾಗಿತ್ತು.

"ಅಕ್ಕಾ," ಎಂದು ಚಾಪೆಯ ಮೇಲಿಂದ ಹನಾಬುಸಾ ಚಳಿಗೆ ಹಲ್ಲು ಕಟಕಟಿಸುತ್ತ ಕೂಗಿದ, "ಬೇಗ ಒರೆಸಿ ಸುಟ್ಟುಬಿಡಿ ನನ್ನ. ಬೆಚ್ಚಗಾದರೂ ಆಗ್ತೀನಿ." ಎಲ್ಲರೂ ನಕ್ಕರು. ಅವನು ಕೆಟ್ಟವನಲ್ಲ.

ಮಧ್ಯಾಹ್ನ ಮನೆಗೆ ಬಂದರೆ ಅತ್ತೆಯ ಹಾಸಿಗೆ ನೆನೆದು ತಣ್ಣಗಾಗಿತ್ತು. ಯಾಸುಹೆಯ್ ಪಕ್ಕದ ಕೋಣೆಯಲ್ಲಿ ಕಾಲು ಬೆಚ್ಚಗೆ ಮುಚ್ಚಿಕೊಂಡು ಟೀವಿ ನೋಡುತ್ತಿದ್ದ.

"ಯಾವಾಗಿಂದ ಹೀಗಿದಾರೆ?"

"ಹತ್ತು ಗಂಟೆಗೇ ಏನೋ ಅಂದ್ಲು ಅಮ್ಮ. ನೀನು ಬರ್ತೀಯಲ್ಲ ಅಂತ..."

ಅವಳು ನೀರು ಕಾಯಿಸಿ, ಒರೆಸಿ, ಬಟ್ಟೆ ಬದಲಿಸಿದಳು. ವಿಗ್ಗಿನ ಭಾರಕ್ಕೆ ಕತ್ತು ಸಿಡಿಯುತ್ತಿತ್ತು. ಹೊರಡುವಾಗ ಬಾಗಿಲಲ್ಲಿ ನಿಂತು ಬೆಳಗಿನದನ್ನು ಹೇಳಿದಳು. ಹೇಳದೆಯೂ ಇರಬಹುದಿತ್ತು. ಆದರೆ ಆ ಕಸುಬು ತಿಳಿದವರು ಅವಳಿಗೆ ಮನೆಯಲ್ಲಿ ಇನ್ನಾರಿದ್ದರು?

ಯಾಸುಹೆಯ್ ಟೀವಿ ಆರಿಸಿದ. ಎದ್ದು ಸರಿಯಾಗಿ ಕೂತ. "ನೀನು ಮಾಡಿದ್ದೇ ಸರಿ," ಎಂದ, ಗಂಭೀರವಾಗಿ. "ದೀಪ ಅವರದು. ನಾನು ಒಂದು ದಿನ, ಒಂದೇ ಒಂದು ದಿನಾನೂ, ಬೀಳುವಾಗ ನಾಯಕನ ಮುಖಕ್ಕೆ ಅಡ್ಡ ಬಂದಿಲ್ಲ. ಅದೇ ನಮ್ಮ ವಿದ್ಯೆ ಕಣೇ. ಆ ಕುವಾಬಾರಾನಿಗೆ ಏನು ಗೊತ್ತು? ಮೈಯಲ್ಲಿ ಇಳಿದಿರೋದನ್ನ ತೆಗಿ ಅಂದ್ರೆ ತೆಗೆಯೋಕಾಗುತ್ತಾ?"

ಅವನ ಕಣ್ಣಲ್ಲಿ ಅವಳ ಬಗ್ಗೆ ಹೆಮ್ಮೆಯಿತ್ತು. ನಲವತ್ತು ವರ್ಷದ ಸಂಸಾರದಲ್ಲಿ ಅವಳು ಕಂಡ ಮೊದಲ ಹೆಮ್ಮೆ, ಅದೂ ಅವಳು ಮರೆಯಾದದ್ದಕ್ಕೆ.

ಮಧ್ಯಾಹ್ನದ ನಂತರ ಆ ದೃಶ್ಯಕ್ಕೆ ಮತ್ತೆ ದೀಪ ಹಚ್ಚಲಿಲ್ಲ. ಹನಾಬುಸಾನ ಕಾರ್ಯದರ್ಶಿಯೂ ಕುವಾಬಾರಾನೂ ಒಂದು ಗಂಟೆ ಬಾಗಿಲು ಮುಚ್ಚಿಕೊಂಡು ಮಾತಾಡಿದರು. ಸಂಜೆ ಕುವಾಬಾರಾ ದೊಡ್ಡ ಕೋಣೆಗೆ ಬಂದಾಗ ಅವನ ಮುಖ ಹಿಂಡಿದ ಬಟ್ಟೆಯಂತಿತ್ತು.

"ಅಕ್ಕ, ಅವನು ನಾಳೆ ಮಧ್ಯಾಹ್ನ ಟೋಕಿಯೊಗೆ ಹೊರಡ್ತಾನೆ. ಬೆಳಿಗ್ಗೆ ಒಂದು ಟೇಕ್ ತೆಗೆಯೋಷ್ಟು ಹೊತ್ತು ಸಿಗುತ್ತೆ. ಎರಡು ದಾರಿ ಇದೆ. ಕೈ ಮಾತ್ರ ತೆಗೆಯೋದು. ನಿಮ್ಮ ಕೈ, ಅವನ ಮುಖ. ಅದು ಹೇಗೂ ಸರಿಹೋಗುತ್ತೆ, ಕಾರ್ಯದರ್ಶಿಗೂ ಅದೇ ಬೇಕು. ಪಟ್ಟಿಯಲ್ಲಿ ನಿಮ್ಮ ಹೆಸರು ಹಾಕ್ತಾರೆ. ಗುಂಪಿನಲ್ಲಲ್ಲ, ಬೇರೆಯಾಗಿ, ಒಂದೇ ಸಾಲಾಗಿ. ಅದನ್ನ ನಾನು ಬರೆಸಿಕೊಂಡೆ."

"ಇನ್ನೊಂದು?"

"ಮುಖ. ಆದರೆ ಆ ಟೇಕಲ್ಲೂ ನೀವು ಹಿಂದಕ್ಕೆ ಹೋದ್ರೆ ಮುಗೀತು. ಈ ದೃಶ್ಯನ ಟೋಕಿಯೊದಲ್ಲಿ ಬೇರೆ ಹೆಂಗಸನ್ನ ಹಾಕಿ ತೆಗೀತಾರೆ. ಆಗ ಕೈಯೂ ಇಲ್ಲ, ಹೆಸರೂ ಇಲ್ಲ." ಅವನು ಕಣ್ಣು ತಪ್ಪಿಸಿದ. "ನಾನು ಹೇಳಲ್ಲ. ಬೆಳಿಗ್ಗೆ ಬಣ್ಣ ಹಚ್ಚೋ ಹೊತ್ತಿಗೆ ನೀವೇ ಹೇಳಿ."

ಪಕ್ಕದ ಕನ್ನಡಿಯ ಮುಂದೆ ತನ್ನ ವಿಗ್ಗು ಬಿಚ್ಚುತ್ತಿದ್ದ ಚಿಯೊಮಿ, ಕೋಣೆಯಲ್ಲೆಲ್ಲ ಹರಿತವಾದ ನಾಲಿಗೆಯವಳು, ಅವನು ಹೋಗುವುದನ್ನೇ ಕಾದು, "ಹೆಸರು ತಗೋ ಅಕ್ಕ," ಎಂದಳು. "ಒಂದು ಸಲ ಬಂದ ಹೆಸರನ್ನ ಯಾರೂ ಒರೆಸೋಕಾಗಲ್ಲ. ಮುಖದ ಪಾಡು ಬೇರೆ. ನಿನ್ನದು, ನನ್ನದು, ಈಗ ಕ್ಯಾಮರಾ ಕೇಳೋ ಮುಖಗಳಾ?"

"ಕೇಳಿದೆಯಲ್ಲೇ ಒಂದು ಕ್ಯಾಮರಾ."

"ಅದಕ್ಕೆ ಕಣ್ಣು ಮಂಜಾಗಿರಬೇಕು."

ರಾತ್ರಿಯ ಊಟದಲ್ಲಿ ಯಾಸುಹೆಯ್ ಕೂಡ ಅದನ್ನೇ ಹೇಳಿದ, ಆದರೆ ಬೇರೆ ದನಿಯಲ್ಲಿ. ಅನ್ನದ ಬಟ್ಟಲನ್ನು ಕೈಯಲ್ಲೇ ಹಿಡಿದುಕೊಂಡು, "ಹೆಸರು ಬರುತ್ತೆ ಅಂದ್ರೆ ಬಿಡಬೇಡ. ನನಗೆ ಅದೂ ಬರಲಿಲ್ಲ," ಎಂದ. ಅದಕ್ಕೆ ಅವಳಿಗೆ ಸಿಟ್ಟು ಬರಲಿಲ್ಲ. ಅವನ ಬಟ್ಟಲಿಗೆ ಇನ್ನೊಂದು ಸೌಟು ಸಾರು ಹಾಕಿದಳು. ತನ್ನ ಬಾಯಿಯೂ ನಾಳೆ 'ಕೈ' ಎಂದೇ ಹೇಳುತ್ತದೆ ಎಂದು ಅವಳಿಗೆ ಆಗ ಅನಿಸಿತು. ಎಲ್ಲರೂ ಒಂದೇ ಮಾತು ಹೇಳುವಾಗ ಇನ್ನೊಂದು ಹೇಳುವ ಅಭ್ಯಾಸ ಅವಳಿಗಿರಲಿಲ್ಲ.

ಮರುದಿನ ನಾಲ್ಕಕ್ಕೆ ಅತಾಗೊ ಗುಡ್ಡದ ಕಡೆಯಿಂದ ಗಾಳಿ ಬೀಸುತ್ತಿತ್ತು. ಶಿಗೆನೊ ಅತ್ತೆಯ ತಲೆಯ ಮೇಲಿನ ಬಲ್ಬು ಹಾಕಿ, ಹೊದಿಕೆ ಸರಿಸಿ, ಕೆಲಸ ಶುರುಮಾಡಿದಳು. ಬೆನ್ನು ಒರೆಸಿದಳು, ತೊಡೆ ಒರೆಸಿದಳು. ಬೇರೆ ನೀರಿನಲ್ಲಿ ಬೇರೆ ಬಟ್ಟೆ ಅದ್ದಿ ಮುಖಕ್ಕೆ ಬಂದಳು. ಅತ್ತೆ ಕಣ್ಣು ಬಿಗಿಯಾಗಿ ಮುಚ್ಚಿಕೊಂಡಿದ್ದಳು. ದಿನವೂ ಹಾಗೆಯೇ ಮುಚ್ಚಿಕೊಳ್ಳುತ್ತಿದ್ದಳು. ನಿದ್ದೆಗಣ್ಣು ಎಂದೇ ಶಿಗೆನೊ ತಿಳಿದಿದ್ದಳು.

"ನೀನು ಯಾಕೆ ಹಾಗೆ ದೂರ ಸರೀತೀಯಮ್ಮ?" ಎಂದಳು ಅತ್ತೆ ಇದ್ದಕ್ಕಿದ್ದಂತೆ.

"ಏನತ್ತೆ?"

"ಮುಖಕ್ಕೆ ಬಂದ ಕೂಡ್ಲೆ ಹಿಂದಕ್ಕೆ ಹೋಗ್ತೀಯ. ಬಲ್ಬು ನೆಟ್ಟಗೆ ಕಣ್ಣಿಗೆ ಹೊಡೆಯುತ್ತೆ. ಮೂರು ವರ್ಷದಿಂದ ಹೊಡೀತಿದೆ."

ಶಿಗೆನೊಳ ಕೈ ನಿಂತಿತು. "ಒಂದು ಮಾತು ಹೇಳಬಾರದಿತ್ತಾ?"

"ಮೈಯೆಲ್ಲ ಒರೆಸೋಳಿಗೆ ಇನ್ನೇನು ಹೇಳೋದು? ನನ್ನ ವಾಸನೆಗೆ ಹೋಗ್ತೀಯೇನೋ ಅಂದ್ಕೊಂಡಿದ್ದೆ."

"ಅಯ್ಯೋ, ಅಲ್ಲತ್ತೆ."

"ಮತ್ತಿನ್ಯಾಕೆ?"

ಶಿಗೆನೊ ಬಟ್ಟೆಯನ್ನು ಮತ್ತೆ ನೀರಿಗೆ ಅದ್ದಿದಳು. ಯಾವ ನಾಯಕನಿಗಾಗಿ, ಯಾವ ಕ್ಯಾಮರಾಕ್ಕಾಗಿ ಈ ಆರಡಿ ಕೋಣೆಯಲ್ಲಿ ಅವಳು ಸರಿದು ಸರಿದು ಹೋಗುತ್ತಿದ್ದಳು?

"ಬಾ ಇಲ್ಲಿ," ಎಂದಳು ಅತ್ತೆ. "ಹತ್ತಿರ ಬಾ. ಇನ್ನೂ. ಹಾಂ, ನಿನ್ನ ತಲೆ ಅಲ್ಲೇ ಇರಲಿ. ಅಬ್ಬಾ."

ಅತ್ತೆ ಕಣ್ಣು ಬಿಟ್ಟಳು. ಇಬ್ಬರೂ ಇಷ್ಟು ಹತ್ತಿರದಿಂದ ಒಬ್ಬರನ್ನೊಬ್ಬರು ನೋಡಿದ್ದೇ ಇಲ್ಲ. "ಮುದುಕಿ ಆಗಿದೀಯಲ್ಲೇ ನೀನೂ," ಎಂದಳು ಅತ್ತೆ, ಎಲ್ಲೋ ಮೋಸವಾಗಿದೆ ಎನ್ನುವ ಹಾಗೆ.

ಆ ದಿನ ಶಿಗೆನೊ ಬೀದಿ ಗುಡಿಸಲಿಲ್ಲ. ಗಂಡನ ಬಟ್ಟೆ ಜೋಡಿಸಿಡಲಿಲ್ಲ. ಐದೂವರೆಗೆ ಅವನನ್ನು ಎಬ್ಬಿಸಿದಳು.

"ರೀ, ನಾನು ಇವತ್ತು ಮಧ್ಯಾಹ್ನ ಬರೋದಿಲ್ಲ."

ಅವನು ಎದ್ದು ಕೂತು ಕಣ್ಣುಜ್ಜಿದ. "ಮತ್ತೆ ಅಮ್ಮಂದು?"

"ಫ್ಲಾಸ್ಕಲ್ಲಿ ಬಿಸಿನೀರಿದೆ. ಬಟ್ಟೆ ಮಡಿಸಿ ಎಡಗಡೆ ಇಟ್ಟಿದೀನಿ. ಬೆಳಿಗ್ಗೆ ಹತ್ತಕ್ಕೊಂದ್ಸಲ, ಮಧ್ಯಾಹ್ನ ಎರಡಕ್ಕೊಂದ್ಸಲ."

"ನಾನಾ? ನನಗೆ ಬರಲ್ವಲ್ಲೇ ಅದೆಲ್ಲ! ಗಂಡಸು ಹೇಗೆ... ಸ್ವಂತ ತಾಯೀನ..."

"ಯಾಸು!" ಎಂದು ಒಳಗಿನಿಂದ ದನಿ ಬಂತು. "ನಿಂದು ಎಷ್ಟು ವರ್ಷ ಬದಲಾಯಿಸಿದೆ ಗೊತ್ತೇನೋ ನಾನು? ಮಗ್ಗದ ಮೇಲೆ ಕೂತಿದ್ದೋಳು ಎದ್ದೆದ್ದು ಬಂದು. ನಾನು ಹೇಳಿಕೊಡ್ತೀನಿ, ಬಾ."

ಅವನು ಹೆಂಡತಿಯ ಮುಖ ನೋಡಿದ. ಅವಳು ಆಗಲೇ ಚಪ್ಪಲಿ ಮೆಟ್ಟುತ್ತಿದ್ದಳು. "ಏನಂತ ಹೇಳ್ತೀಯ ಅವರಿಗೆ? ಕೈ ತಾನೆ?" ಎಂದು ಕೇಳಿದ. ಅವಳು ಸೈಕಲ್ಲಿನ ಗಾಳಿ ಒತ್ತಿ ನೋಡುತ್ತಿದ್ದಳು. ಕೇಳಿಸಿತೋ ಇಲ್ಲವೋ.

ಬಣ್ಣ ಹಚ್ಚುವ ಕನ್ನಡಿಯ ಮುಂದೆ ಇವತ್ತು ಚಿಯೊಮಿಯೇ ಎರಡು ಬಟ್ಟಲು ಹಿಡಿದು ನಿಂತಳು. ಒಂದರಲ್ಲಿ ಕೈಗೆ ಬಳಿಯುವ ಬಣ್ಣ, ಇನ್ನೊಂದರಲ್ಲಿ ಮುಖದ್ದು. ಕುವಾಬಾರಾ ಬಾಗಿಲಲ್ಲಿ, ಒಳಗೂ ಅಲ್ಲದೆ ಹೊರಗೂ ಅಲ್ಲದೆ ನಿಂತಿದ್ದ.

"ಮುಖ," ಎಂದಳು ಶಿಗೆನೊ.

ಚಿಯೊಮಿ ಬಾಯಿ ತೆರೆದಳು. ಆಮೇಲೆ ಮುಖದ ಬಟ್ಟಲಿಗೆ ಕುಂಚ ಅದ್ದಿದಳು. ಕುವಾಬಾರಾ ಹೋದ ಮೇಲೆ ಮಾತ್ರ ಕಿವಿಯ ಹತ್ತಿರ ಬಗ್ಗಿ, "ಹಿಂದಕ್ಕೆ ಹೋದ್ರೆ ಎಲ್ಲಾ ಹೋಗುತ್ತೆ, ಗೊತ್ತಲ್ಲ ಅಕ್ಕ?" ಎಂದಳು.

"ಗೊತ್ತು."

"ಹೋಗಲ್ಲ ಅಂತ ಧೈರ್ಯ ಇದೆಯಾ?"

"ಇಲ್ಲ."

ಸೆಟ್ಟಿನಲ್ಲಿ ಬೆಳಿಗ್ಗೆಯಾಗಲಿ ಸಂಜೆಯಾಗಲಿ, ನಮ್ಮಲ್ಲಿ ಒಬ್ಬರಿಗೊಬ್ಬರು ಹೇಳುವುದು ಶುಭೋದಯವನ್ನೇ. ಎಲ್ಲರೂ ಹೇಳಿದರು. ಹನಾಬುಸಾ ಮಲಗಿದ. ಅವನ ಕಾರ್ಯದರ್ಶಿ ಕ್ಯಾಮರಾದ ಪಕ್ಕ ನಿಂತು ಕೈಗಡಿಯಾರ ನೋಡಿಕೊಂಡ. ಉಪ್ಪು ಚೆಲ್ಲಿದರು. ದೀಪ ಹತ್ತಿತು.

ಕೈ ಒರೆಸಿದಳು. ಬೆರಳ ಸಂದು ಒಂದೊಂದನ್ನೂ. ಎದೆ ಒರೆಸಿದಳು. ಮಾತುಗಳು ಬಂದವು, ಯಾವುದೂ ತಡವರಿಸಲಿಲ್ಲ. ಬಟ್ಟೆಯನ್ನು ಮತ್ತೆ ಅದ್ದಿ ಹಿಂಡಿದಳು. ನೀರು ಬೋಗುಣಿಗೆ ತೊಟ್ಟಿಕ್ಕುವ ಸದ್ದೊಂದೇ ಸೆಟ್ಟಿನಲ್ಲಿ. ಈಗ ಮುಖ.

ಮುಂದಕ್ಕೆ ಬಾಗಲು ಹೊರಟಾಗ ಅವಳಿಗೆ ಅದು ಮೊದಲ ಬಾರಿ ತಿಳಿಯಿತು. ನಿನ್ನೆ ಪರದೆಯಲ್ಲಿ ಕಂಡದ್ದು ಇಂದು ಬೆನ್ನಿನೊಳಗೆ ನಡೆಯುತ್ತಿತ್ತು. ಸೊಂಟದ ಮೇಲೆ ಒಂದು ಎಳೆತ. ನೋವಲ್ಲ, ಭಯವೂ ಅಲ್ಲ, ಬರೀ ಹಳೆಯ ಮರ್ಯಾದೆ. ಎದುರಿಗೆ ಹನಾಬುಸಾನ ಮುಖ ಬೆಳಕಿನಲ್ಲಿ ಸಿದ್ಧವಾಗಿತ್ತು, ಊರಿಗೆ ಊರೇ ದುಡ್ಡು ಕೊಟ್ಟು ನೋಡುವ ಮುಖ. ಇನ್ನು ನಾಲ್ಕು ಬೆರಳು ಮುಂದೆ ಹೋದರೆ ಅದರ ಮೇಲೆ ಅವಳ ನೆರಳು ಬೀಳುತ್ತದೆ. ಕಾರ್ಯದರ್ಶಿಯ ಬೂಟು ಒಮ್ಮೆ ಸದ್ದು ಮಾಡಿತು. ಈಗ ಸರಿದರೆ ಯಾರೂ ಬೈಯುವುದಿಲ್ಲ. ಕುವಾಬಾರಾ ತಲೆ ತಗ್ಗಿಸುತ್ತಾನೆ, ಚಿಯೊಮಿ ಚಹಾ ಕೊಡುತ್ತಾಳೆ, ಗಂಡ ನೀನು ಮಾಡಿದ್ದೇ ಸರಿ ಎನ್ನುತ್ತಾನೆ.

ಮಲಗಿದವನ ರೆಪ್ಪೆಗಳು ಕಣ್ಣಿಗೆ ಹೊಡೆಯುವ ದೀಪಕ್ಕೆ ಒಂದಿಷ್ಟೇ ಬಿಗಿದುಕೊಂಡಿದ್ದವು. ಅದು ಕ್ಯಾಮರಾಕ್ಕೆ ಕಾಣುವಂಥದ್ದಲ್ಲ. ಅವಳಿಗೆ ಕಂಡಿತು.

ಶಿಗೆನೊ ಎಡಗೈಯನ್ನು ಚಾಪೆಗೆ ಊರಿ, ಬೆನ್ನನ್ನು ಮುಂದಕ್ಕೆ ತಳ್ಳಿ, ಅವನ ಮೇಲೆ ಪೂರ್ತಿ ಬಾಗಿದಳು.